ಪ್ರತಿರೂಪಕ ವ್ಯವಹಾರ: ವ್ಯಾಪಾರ ಮುದ್ರೆಯ ಕೆಲವು ವ್ಯಾಜ್ಯಗಳು

ಗೃಹಸ್ಥನ ಅಚೌರ್ಯಾಣುವ್ರತಕ್ಕೆ ತತ್ತ್ವಾರ್ಥಸೂತ್ರವು ಐದು ಅತಿಚಾರಗಳನ್ನು ಹೇಳುತ್ತದೆ. ಕಳವಿಗೆ ಪ್ರೇರಣೆ ಕೊಡುವುದು, ಕದ್ದ ಮಾಲನ್ನು ಕೊಳ್ಳುವುದು, ರಾಜ್ಯದ ಕಟ್ಟಳೆಯನ್ನು ಮೀರಿ ವ್ಯಾಪಾರ ಮಾಡುವುದು, ತೂಕ ಅಳತೆಗಳಲ್ಲಿ ಹೆಚ್ಚುಕಡಿಮೆ ಮಾಡುವುದು, ಕಡೆಯದಾಗಿ ಪ್ರತಿರೂಪಕ ವ್ಯವಹಾರ. ಮೊದಲ ನಾಲ್ಕನ್ನು ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಐದನೆಯದಕ್ಕೆ ಪೂಜ್ಯಪಾದಾಚಾರ್ಯರು ಸರ್ವಾರ್ಥಸಿದ್ಧಿಯಲ್ಲಿ ಕೃತಕವಾದ ಚಿನ್ನದ ಉದಾಹರಣೆಯನ್ನು ಕೊಟ್ಟಿದ್ದಾರೆ. ಸಮಂತಭದ್ರಾಚಾರ್ಯರ ರತ್ನಕರಂಡಕ ಶ್ರಾವಕಾಚಾರದಲ್ಲಿ ಇದೇ ದೋಷಕ್ಕೆ ಸದೃಶಸನ್ಮಿಶ್ರವೆಂಬ ಹೆಸರಿದೆ; ಒಂದರಂತೆ ತೋರುವ ಮತ್ತೊಂದನ್ನು ಬೆರೆಸಿ ಮಾರುವುದು ಎಂದು ಅದರ ಭಾವ.

ಆ ಆಚಾರ್ಯರ ಕಾಲದ ಪೇಟೆಯಲ್ಲಿ ಚಿನ್ನವಿತ್ತು, ತುಪ್ಪವಿತ್ತು, ಧಾನ್ಯವಿತ್ತು. ಅಚ್ಚು ಹಾಕಿದ ಕಾಗದದ ಹೊದಿಕೆಯಿರಲಿಲ್ಲ. ಇಂದಿನ ವ್ಯಾಪಾರಿಯ ಪ್ರಶ್ನೆ ಬೇರೆಯದು. ಒಬ್ಬನು ಒಳ್ಳೆಯ ಹಿಟ್ಟಿನಿಂದಲೇ ಬಿಸ್ಕತ್ತು ಮಾಡುತ್ತಾನೆ. ಪೊಟ್ಟಣದ ತೂಕ ಸರಿಯಾಗಿದೆ, ಬೆಲೆಯೂ ನ್ಯಾಯವಾಗಿದೆ. ಆದರೆ ಹೊದಿಕೆಯು ಮಾತ್ರ ಹೆಸರಾಂತ ಮತ್ತೊಬ್ಬನ ಹೊದಿಕೆಯಂತೆ ಕಾಣುತ್ತದೆ. ಇಲ್ಲಿ ಕೃತಕವಾದ ವಸ್ತು ಯಾವುದು? ಒಳಗಿನ ಸರಕಂತೂ ಅಲ್ಲ. ಕದ್ದದ್ದಾದರೂ ಏನು? ಹೆಸರಿನ ಯಜಮಾನನ ಪೆಟ್ಟಿಗೆಯಿಂದ ಒಂದು ಕಾಸೂ ಹೋಗಿಲ್ಲ. ನ್ಯಾಯಾಲಯಗಳು ಈ ಪ್ರಶ್ನೆಗಳನ್ನು ನಾಲ್ಕು ನೂರು ವರ್ಷಗಳಿಂದ ಕೇಳಿಕೊಳ್ಳುತ್ತ ಬಂದಿವೆ. ಕಾನೂನಿನವರು ಇಂಥ ವ್ಯವಹಾರವನ್ನು ಪಾಸಿಂಗ್ ಆಫ್ ಎಂದು ಕರೆಯುತ್ತಾರೆ. ಅಂದರೆ ತನ್ನ ಸರಕನ್ನು ಮತ್ತೊಬ್ಬನದೆಂದು ದಾಟಿಸಿಬಿಡುವುದು. ಆ ವ್ಯಾಜ್ಯಗಳಲ್ಲಿ ಕೆಲವನ್ನು ಇಲ್ಲಿ ನೋಡೋಣ. ಅವುಗಳಲ್ಲಿ ಬಹು ಮುಖ್ಯವಾದ ಒಂದು ನಮ್ಮ ಮೈಸೂರಿನದು.

ಮುದ್ರೆಯು ಆದಿಯಲ್ಲಿ ವ್ಯಾಪಾರಿಯ ಸ್ವತ್ತಾಗಿರಲಿಲ್ಲ. ಅವನ ತಲೆಯ ಮೇಲಿನ ಹೊರೆಯಾಗಿತ್ತು. ಮಧ್ಯಯುಗದ ಯುರೋಪಿನ ಕಸುಬಿನ ಸಂಘಗಳು ತಮ್ಮ ಸದಸ್ಯರಿಗೆ ಸರಕಿನ ಮೇಲೆ ಗುರುತು ಹಾಕಲೇಬೇಕೆಂದು ವಿಧಿಸುತ್ತಿದ್ದವು. ಬಟ್ಟೆ ಸಡಿಲವಾಗಿದ್ದರೆ, ಲೋಹದಲ್ಲಿ ಕಲಬೆರಕೆಯಿದ್ದರೆ, ನೇಯ್ದವನನ್ನೋ ಎರಕ ಹೊಯ್ದವನನ್ನೋ ಹುಡುಕಿ ದಂಡ ವಿಧಿಸುವುದಕ್ಕೆ ಆ ಗುರುತು ಬೇಕಾಗಿತ್ತು. ತಪ್ಪು ಮಾಡಿದವನನ್ನು ಹಿಡಿದುಕೊಡುತ್ತಿದ್ದ ಈ ಗುರುತೇ ಕಾಲಕ್ರಮದಲ್ಲಿ ಒಳ್ಳೆಯ ಕೆಲಸಗಾರನ ಹೆಗ್ಗಳಿಕೆಯೂ ಆಯಿತು. ದೂರದೂರಿನ ಕೊಳ್ಳುವವನು ನೇಕಾರನ ಮುಖವನ್ನು ಕಂಡವನಲ್ಲ. ಗುರುತನ್ನು ಕಂಡು ಬಟ್ಟೆಯನ್ನು ನಂಬುತ್ತಿದ್ದನು. ನಂಬಿಕೆಗೆ ಬೆಲೆ ಬಂದ ಮೇಲೆ ಅದನ್ನು ನಕಲು ಮಾಡುವವರೂ ಬಂದರು.

ಇಂಗ್ಲೆಂಡಿನ ಕಾನೂನಿನ ಪುಸ್ತಕಗಳು ಈ ವಿಷಯದಲ್ಲಿ 1618ರ ಸದರ್ನ್ ಮತ್ತು ಹೌ ಎಂಬ ವ್ಯಾಜ್ಯದಿಂದ ಆರಂಭಿಸುವುದು ವಾಡಿಕೆ. ಸೋಜಿಗವೆಂದರೆ ಆ ವ್ಯಾಜ್ಯವು ಮುದ್ರೆಯ ವಿಚಾರವೇ ಅಲ್ಲ; ಖೋಟಾ ರತ್ನಗಳನ್ನು ಮಾರಿದ ವಿಚಾರ. ಪೂಜ್ಯಪಾದರು ಹೇಳಿದ ಕೃತಕ ಚಿನ್ನಕ್ಕೆ ಇದಕ್ಕಿಂತ ಹತ್ತಿರದ ನಂಟು ಬೇರೆ ಬೇಕೆ? ವಿಚಾರಣೆಯ ನಡುವೆ ಡಾಡರಿಜ್ ಎಂಬ ನ್ಯಾಯಾಧೀಶನು ಹಿಂದಿನ ಒಂದು ಪ್ರಕರಣವನ್ನು ನೆನಪು ಮಾಡಿಕೊಂಡನು. ಒಳ್ಳೆಯ ಬಟ್ಟೆಯಿಂದ ಹೆಸರು ಮಾಡಿದ್ದ ಒಬ್ಬ ಬಟ್ಟೆಗಾರನ ಗುರುತನ್ನು ಮತ್ತೊಬ್ಬನು ತನ್ನ ಕೀಳು ಬಟ್ಟೆಗೆ ಹಾಕಿ ಮಾರಿದನೆಂದೂ, ಅದರ ಮೇಲೆ ದಾವೆ ನಡೆಯಿತೆಂದೂ ಅವನು ಹೇಳಿದ ಮಾತು. ಈ ಹಳೆಯ ಪ್ರಕರಣವು 1584ರ ಸ್ಯಾಮ್‌ಫರ್ಡನ ವ್ಯಾಜ್ಯವಾಗಿರಬೇಕೆಂದು ಕೈಬರಹದ ಪ್ರತಿಗಳನ್ನು ಶೋಧಿಸಿದ ವಿದ್ವಾಂಸರು ಈಚೆಗೆ ಗುರುತಿಸಿದ್ದಾರೆ.

ಡಾಡರಿಜನ ಮಾತನ್ನು ಬರೆದುಕೊಂಡ ವರದಿಗಾರರು ಒಂದು ಮುಖ್ಯ ಅಂಶದಲ್ಲಿ ಒಬ್ಬರಿಗೊಬ್ಬರು ಒಪ್ಪುವುದಿಲ್ಲ. ದಾವೆ ಹೂಡಿದವನು ಹೆಸರು ಕಳೆದುಕೊಂಡ ಬಟ್ಟೆಗಾರನೆಂದು ಒಂದು ವರದಿ ಹೇಳುತ್ತದೆ. ಮೋಸಹೋಗಿ ಕೀಳು ಬಟ್ಟೆ ಕೊಂಡ ಗಿರಾಕಿಯೆಂದು ಮತ್ತೊಂದು ಹೇಳುತ್ತದೆ. ಲೇಖನಿಯ ಈ ಜಾರಿಕೆಯಲ್ಲಿಯೇ ಮುಂದಿನ ಇತಿಹಾಸವೆಲ್ಲ ಅಡಗಿದೆಯೆಂದು ನನಗೆ ತೋರುತ್ತದೆ. ಒಂದು ಸುಳ್ಳು ಗುರುತಿನಿಂದ ನೋಯುವವರು ಇಬ್ಬರು. ಕೊಂಡವನಿಗೆ ಸುಳ್ಳು ಹೇಳಿದಂತಾಯಿತು. ಹೆಸರಿನವನಿಂದ ಏನನ್ನೋ ಕಸಿದಂತಾಯಿತು. ಸತ್ಯಾಣುವ್ರತ, ಅಚೌರ್ಯಾಣುವ್ರತ ಎರಡೂ ಒಟ್ಟಿಗೆ ಮುರಿಯುವ ಸ್ಥಳವಿದು. ನ್ಯಾಯಾಲಯಗಳಾದರೋ ಬಹುಕಾಲ ಸುಳ್ಳಿನ ಕಡೆಯಿಂದ ನೋಡಿದವು; ಆಮೇಲೆ ಕ್ರಮೇಣ ಸ್ವತ್ತಿನ ಕಡೆಗೆ ವಾಲಿದವು.

ಸುಳ್ಳಿನ ಕಡೆಯಿಂದ ನೋಡಿದರೆ ವಂಚನೆಯ ಉದ್ದೇಶವನ್ನು ಸಿದ್ಧಪಡಿಸಬೇಕಾಗುತ್ತದೆ. 1824ರ ಸೈಕ್ಸ್ ವ್ಯಾಜ್ಯದಲ್ಲಿ ಅದು ಕಷ್ಟವಾಗಲಿಲ್ಲ. ಬೇಟೆಗಾರರು ಗುಂಡು, ಮದ್ದು ಇಟ್ಟುಕೊಳ್ಳುವ ಪಟ್ಟಿ ಮತ್ತು ಕುಪ್ಪಿಗಳ ಮೇಲೆ ಒಬ್ಬನು ತನ್ನ ಹೆಸರಿನ ಮುದ್ರೆ ಹಾಕಿ ಮಾರುತ್ತಿದ್ದನು. (ಸರಕಿನ ಹಿಂಸೆಯ ವಿಚಾರ ಬೇರೆ, ಇಲ್ಲಿ ಮುದ್ರೆಯ ಮಾತಷ್ಟೆ.) ಅದೇ ಉಪನಾಮದ ಮತ್ತೊಬ್ಬನು ಅದೇ ಮುದ್ರೆಯನ್ನು ಹಾಕತೊಡಗಿದನು. ಅವನಿಂದ ಸಗಟಾಗಿ ಕೊಂಡ ಅಂಗಡಿಯವರಿಗೆ ಸರಕು ಯಾರದೆಂಬುದು ಚೆನ್ನಾಗಿ ತಿಳಿದಿತ್ತು. ಮೋಸಹೋದವರು ಅಂಗಡಿಯವರಲ್ಲ, ಅವರಿಂದ ಮುಂದೆ ಕೊಳ್ಳುವವರು. ಆದರೂ ಮೊದಲ ತಯಾರಕನೇ ಹೊಣೆಗಾರನೆಂದು ನ್ಯಾಯಾಲಯ ಹೇಳಿತು. ಮೋಸದ ಸಾಧನವನ್ನು ಮಾಡಿಕೊಟ್ಟವನು, ಅದನ್ನು ತನ್ನ ಕೈಯಿಂದ ಬಳಸಲಿಲ್ಲವೆಂದು ತಪ್ಪಿಸಿಕೊಳ್ಳುವಂತಿಲ್ಲ. ಕೃತ, ಕಾರಿತ, ಅನುಮೋದಿತವೆಂಬ ಮೂರು ಮಾತುಗಳನ್ನು ಬಾಲ್ಯದಿಂದಲೂ ಕೇಳಿ ಬಲ್ಲ ನಮಗೆ ಈ ತೀರ್ಪು ಹೊಸದೆನಿಸುವುದಿಲ್ಲ.

1838ರ ಮಿಲಿಂಗ್ಟನ್ ಮತ್ತು ಫಾಕ್ಸ್ ವ್ಯಾಜ್ಯವು ಬೇರೆ ದಾರಿ ಹಿಡಿಯಿತು. ಉಕ್ಕಿನ ಮೇಲಿನ ಕ್ರೌಲಿ ಎಂಬ ಹೆಸರು ಒಂದು ಮನೆತನದ ಮುದ್ರೆಯೆಂದು ಪ್ರತಿವಾದಿಗಳಿಗೆ ತಿಳಿದೇ ಇರಲಿಲ್ಲ. ಅದು ಉಕ್ಕಿನ ಒಂದು ಜಾತಿಯ ಹೆಸರೆಂದು ಭಾವಿಸಿ ಅವರು ಬಳಸಿದ್ದರು. ಲಾರ್ಡ್ ಕಾಟನ್‌ಹ್ಯಾಮ್ ಅವರ ಮಾತನ್ನು ನಂಬಿದನು. ನಂಬಿಯೂ ತಡೆಯಾಜ್ಞೆ ಕೊಟ್ಟನು. ಉದ್ದೇಶ ಶುದ್ಧವಾಗಿದ್ದರೂ ಮುದ್ರೆ ಮತ್ತೊಬ್ಬನದೇ ಎಂಬುದು ಅವನ ನಿಲುವು. ಆದರೆ ವಾದಿಗೆ ವ್ಯಾಜ್ಯದ ಖರ್ಚನ್ನು ಕೊಡಿಸಲಿಲ್ಲ. ಅಲ್ಲಿಂದ ಮುಂದೆ, ತಡೆಯಾಜ್ಞೆಯನ್ನು ಬೇಡುವವನು ಪ್ರತಿವಾದಿಯ ಅಂತರಂಗವನ್ನು ಸಾಬೀತುಪಡಿಸಬೇಕಾದ ಅಗತ್ಯವು ಕಡಿಮೆಯಾಗುತ್ತ ಬಂದಿತು. ನ್ಯಾಯಾಲಯವು ಹೊರಗಿನ ಪರಿಣಾಮವನ್ನು ನೋಡುತ್ತದೆ. ನಮ್ಮ ಶಾಸ್ತ್ರವು ಪ್ರಮಾದದಿಂದ ಕೂಡಿದ ಮನಸ್ಸನ್ನು ನೋಡುತ್ತದೆ. ಒಂದೇ ಕೃತ್ಯವನ್ನು ಅಳೆಯುವ ಎರಡು ಅಳತೆಗೋಲುಗಳಿವು; ಒಂದರಲ್ಲಿ ತೇರ್ಗಡೆಯಾದವನು ಇನ್ನೊಂದರಲ್ಲಿಯೂ ತೇರ್ಗಡೆಯಾಗುವನೆಂಬ ಭರವಸೆಯಿಲ್ಲ.

1842ರಲ್ಲಿ ಲಾರ್ಡ್ ಲ್ಯಾಂಗ್‌ಡೇಲ್, ಯಾರೂ ತನ್ನ ಸರಕನ್ನು ಮತ್ತೊಬ್ಬನ ಸರಕೆಂಬ ಸೋಗಿನಲ್ಲಿ ಮಾರತಕ್ಕದ್ದಲ್ಲವೆಂಬ ನಿಯಮವನ್ನು ಸ್ಪಷ್ಟವಾಗಿ ಹೇಳಿದನು. ಪೆರ್ರಿ ಎಂಬವನು ಮೆಕ್ಸಿಕೋದ ಮುಲಾಮೆಂಬ ಹೆಸರಿನಲ್ಲಿ ಕೂದಲಿಗೆ ಹಚ್ಚುವ ಒಂದು ಲೇಪವನ್ನು ಮಾರುತ್ತಿದ್ದನು. ಅದು ಒಬ್ಬ ಪ್ರಸಿದ್ಧ ವಿಜ್ಞಾನಿಯ ಯೋಗವೆಂದು ಜಾಹೀರಾತು ಮಾಡುತ್ತಿದ್ದನು. ಆ ಮಾತು ನಿಜವಾಗಿರಲಿಲ್ಲ. ಆದುದರಿಂದ ನಿಯಮವೇನೋ ಅವನ ವ್ಯಾಜ್ಯದಿಂದಲೇ ಹುಟ್ಟಿತು. ಅವನು ಕೇಳಿದ ತಡೆಯಾಜ್ಞೆ ಮಾತ್ರ ಅವನಿಗೆ ದೊರೆಯಲಿಲ್ಲ.

ಈ ಇತಿಹಾಸದಲ್ಲಿ ನನ್ನನ್ನು ಎಲ್ಲಕ್ಕಿಂತ ಹೆಚ್ಚಾಗಿ ತಡೆದು ನಿಲ್ಲಿಸಿದ್ದು 1896ರ ರೆಡವೇ ಮತ್ತು ಬ್ಯಾನಮ್ ವ್ಯಾಜ್ಯ. ಗಿರಣಿಯ ಯಂತ್ರಗಳ ಗಾಲಿಗಳಿಗೆ ಹಾಯಿಸುವ ಬೆಲ್ಟುಗಳನ್ನು ರೆಡವೇ ಎಂಬವನು ಮ್ಯಾಂಚೆಸ್ಟರಿನ ಕಡೆ ತಯಾರಿಸುತ್ತಿದ್ದನು. ಒಂಟೆಕೂದಲಿನ ಬೆಲ್ಟು ಎಂಬ ಹೆಸರಿನಲ್ಲಿ ಅದು ವರ್ಷಗಟ್ಟಲೆ ಮಾರಾಟವಾಗಿ, ಆ ಹೆಸರು ಹೇಳಿದರೆ ರೆಡವೇಯ ಬೆಲ್ಟೆಂದೇ ಗಿರಾಕಿಗಳು ತಿಳಿಯುವಂತಾಯಿತು. ಅವನಲ್ಲಿ ಕೆಲಸಕ್ಕಿದ್ದ ಬ್ಯಾನಮ್ ಹೊರಗೆ ಬಂದು ಸ್ವಂತ ಉದ್ಯಮ ತೆರೆದನು. ತನ್ನ ಬೆಲ್ಟುಗಳಿಗೂ ಒಂಟೆಕೂದಲಿನ ಬೆಲ್ಟೆಂಬ ಮುದ್ರೆಯನ್ನೇ ಒತ್ತಿದನು. ದಾವೆ ನಡೆದಾಗ ಅವನ ಉತ್ತರವು ಬಹಳ ಸರಳವಾಗಿತ್ತು: ನನ್ನ ಬೆಲ್ಟನ್ನು ಹೆಚ್ಚಾಗಿ ಒಂಟೆಯ ಕೂದಲಿನಿಂದಲೇ ಮಾಡಿದ್ದೇನೆ, ಇದ್ದುದನ್ನು ಇದ್ದಂತೆ ಹೇಳಿದ್ದೇನೆ.

ಅವನು ಹೇಳಿದ್ದು ನಿಜವೇ ಆಗಿತ್ತು. ಮೇಲ್ಮನವಿಯ ನ್ಯಾಯಾಲಯವು ಅವನ ಮಾತನ್ನು ಒಪ್ಪಿಕೊಂಡಿತು. ನಿಜ ಹೇಳುವವನನ್ನು ತಡೆಯುವುದು ಹೇಗೆಂಬುದು ಅದರ ತರ್ಕ. ವ್ಯಾಜ್ಯವು ಹೌಸ್ ಆಫ್ ಲಾರ್ಡ್ಸ್‌ವರೆಗೆ ಏರಿತು. ಅಲ್ಲಿಯ ನ್ಯಾಯಮೂರ್ತಿಗಳು ತೀರ್ಪನ್ನು ತಿರುಗಿಸಿದರು. ಅಕ್ಷರಶಃ ನಿಜವಾದ ಮಾತೂ ಕೇಳುವವನ ಮನಸ್ಸಿನಲ್ಲಿ ಸುಳ್ಳನ್ನು ಹುಟ್ಟಿಸಬಲ್ಲುದು. ಕೊಳ್ಳುವವನು ಆ ಎರಡು ಪದಗಳನ್ನು ಕಂಡು ರೆಡವೇಯ ಸರಕೆಂದು ತಿಳಿಯುತ್ತಾನಾದರೆ, ಹೇಳಿದವನು ಸುಳ್ಳನ್ನೇ ಹೇಳಿದಂತಾಯಿತು. ಹಾಗೆಂದು ಅವರು ಒಂಟೆಕೂದಲೆಂಬ ಪದವನ್ನು ರೆಡವೇಗೆ ಜಹಗೀರಾಗಿ ಬರೆದುಕೊಡಲಿಲ್ಲ. ತನ್ನ ಸರಕು ರೆಡವೇಯದಲ್ಲವೆಂಬುದನ್ನು ಸ್ಪಷ್ಟಪಡಿಸದೆ ಬ್ಯಾನಮ್ ಆ ಪದವನ್ನು ಬಳಸಕೂಡದೆಂದಷ್ಟೇ ಅಪ್ಪಣೆ ಮಾಡಿದರು. ಪದ ಎಲ್ಲರದು, ಆ ಪದದಲ್ಲಿ ತುಂಬಿಕೊಂಡ ನಂಬಿಕೆ ಒಬ್ಬನದು. ಇವೆರಡನ್ನು ಬೇರ್ಪಡಿಸಿದ ತೀರ್ಪು ಇದು. ವ್ಯಾಪಾರದ ಮಾತುಗಾರಿಕೆಯಲ್ಲಿ, ನಾನು ಸುಳ್ಳನ್ನೇನೂ ಹೇಳಲಿಲ್ಲವಲ್ಲ ಎಂದು ಸಮಾಧಾನ ಮಾಡಿಕೊಳ್ಳುವವರೆಲ್ಲ ಬ್ಯಾನಮನ ಉತ್ತರವನ್ನು ಒಮ್ಮೆ ತೂಗಿ ನೋಡಬಹುದು.

ಇಂಗ್ಲೆಂಡಿನ ಈ ನ್ಯಾಯವೇ ಬ್ರಿಟಿಷರ ಆಳ್ವಿಕೆಯೊಡನೆ ಭಾರತಕ್ಕೂ ಬಂದಿತು. 1860ರ ದಂಡಸಂಹಿತೆಯಲ್ಲಿ ಸುಳ್ಳು ಮುದ್ರೆಗೆ ಶಿಕ್ಷೆಯಿತ್ತು; 1889ರಲ್ಲಿ ಸರಕಿನ ಗುರುತುಗಳ ಕಾಯಿದೆ ಬಂದಿತು. ಆದರೆ ಮುದ್ರೆಯನ್ನು ಸರಕಾರದ ಪುಸ್ತಕದಲ್ಲಿ ನೋಂದಾಯಿಸಿಕೊಳ್ಳುವ ವ್ಯವಸ್ಥೆಗೆ 1940ರ ಕಾಯಿದೆಯವರೆಗೆ ಕಾಯಬೇಕಾಯಿತು. ಅಲ್ಲಿಯವರೆಗೆ ವ್ಯಾಪಾರಿಗೆ ಪಾಸಿಂಗ್ ಆಫ್ ದಾವೆಯೇ ಗತಿ. ಮ್ಯಾಂಚೆಸ್ಟರಿನ ಗಿರಣಿಗಳು ಭಾರತಕ್ಕೆ ಕಳುಹಿಸುತ್ತಿದ್ದ ತಾನುಗಳ ಮೇಲೆ ದೇವತೆಗಳ, ಆನೆಗಳ, ಅರಸರ ಬಣ್ಣದ ಚಿತ್ರಗಳನ್ನು ಅಂಟಿಸುತ್ತಿದ್ದವು. ಇಂಗ್ಲಿಷ್ ಓದಲಾರದ ಗಿರಾಕಿಯು ಚಿತ್ರವನ್ನು ಹೇಳಿ ಬಟ್ಟೆ ಕೇಳುತ್ತಿದ್ದನು. ನಮ್ಮ ದೇಶದಲ್ಲಿ ಮುದ್ರೆಯ ಪ್ರಶ್ನೆಯು ಮೊದಲಿನಿಂದಲೂ ಓದುವ ಕಣ್ಣಿನದಲ್ಲ, ನೋಡುವ ಕಣ್ಣಿನದು. 1940ರ ಕಾಯಿದೆಯ ಸ್ಥಾನದಲ್ಲಿ 1958ರದೂ, ಅದರ ಸ್ಥಾನದಲ್ಲಿ 2003ರ ಸೆಪ್ಟೆಂಬರಿನಿಂದ ಜಾರಿಗೆ ಬಂದ 1999ರ ಕಾಯಿದೆಯೂ ಬಂದಿವೆ. ನೋಂದಣಿಯಿಲ್ಲದವನ ಪಾಸಿಂಗ್ ಆಫ್ ದಾವೆಯ ಹಕ್ಕನ್ನು ಇವು ಕಳೆಯದೆ ಉಳಿಸಿವೆ.

ಇನ್ನು ಮೈಸೂರಿನ ಬಿಸ್ಕತ್ತಿನ ವ್ಯಾಜ್ಯ. ಮುಂದೆ ಪಾರ್ಲೆ-ಜಿ ಎಂದು ಮನೆಮನೆಯ ಮಾತಾದ ಬಿಸ್ಕತ್ತನ್ನು ಮುಂಬಯಿಯ ಪಾರ್ಲೆ ಪ್ರಾಡಕ್ಟ್ಸ್ ಕಂಪನಿಯು ಆಗ ಗ್ಲೂಕೋ ಎಂಬ ಹೆಸರಿನಲ್ಲಿ ಮಾರುತ್ತಿತ್ತು. ಪದವಷ್ಟೇ ಅಲ್ಲದೆ ಹೊದಿಕೆಯೂ ನೋಂದಾಯಿತವಾಗಿತ್ತು. ಹೊದಿಕೆಯ ಮೇಲೆ ಒಂದು ಹೊಲಮನೆಯ ಅಂಗಳ. ನಡುವೆ ನೀರಿನ ಪಾತ್ರೆ ಹೊತ್ತ ಹುಡುಗಿ. ಅವಳ ಸುತ್ತ ಹಸುಗಳು, ಕೋಳಿಗಳು. ಹಿಂದೆ ಮನೆ ಮತ್ತು ಮರಗಳು. 1961ರಲ್ಲಿ ಮೈಸೂರಿನ ಜೆ. ಪಿ. ಅಂಡ್ ಕಂಪನಿಯು ಇದನ್ನು ಹೋಲುವ ಹೊದಿಕೆಯಲ್ಲಿ ಗ್ಲೂಕೋಸ್ ಬಿಸ್ಕತ್ತನ್ನು ಮಾರುತ್ತಿರುವುದು ಪಾರ್ಲೆಯ ಗಮನಕ್ಕೆ ಬಂದಿತು. ಅಲ್ಲಿಯೂ ಒಬ್ಬ ಹುಡುಗಿ, ಹಸುಗಳು, ಕೋಳಿಗಳು, ಹಿಂದೊಂದು ಮನೆ. ಆದರೆ ಈ ಹುಡುಗಿಯ ತಲೆಯ ಮೇಲೆ ಹುಲ್ಲಿನ ಹೊರೆಯಿತ್ತು. ಒಂದು ಕೈ ಹೊರೆಯನ್ನು ಹಿಡಿದಿತ್ತು, ಇನ್ನೊಂದು ಕೈಯಲ್ಲಿ ಕುಡುಗೋಲು ಮತ್ತು ಬುತ್ತಿಯ ಗಂಟು.

ಕೆಳಗಿನ ನ್ಯಾಯಾಲಯವು ಎರಡು ಹೊದಿಕೆಗಳನ್ನು ಅಕ್ಕಪಕ್ಕದಲ್ಲಿಟ್ಟುಕೊಂಡು ವ್ಯತ್ಯಾಸಗಳನ್ನು ಎಣಿಸಿತು. ಒಬ್ಬಳು ನೀರು ಹೊತ್ತಿದ್ದಾಳೆ, ಒಬ್ಬಳು ಹುಲ್ಲು ಹೊತ್ತಿದ್ದಾಳೆ. ಈ ಹಸು ಆ ಹಸುವಿನಂತಿಲ್ಲ, ಈ ಕೋಳಿ ಆ ಕೋಳಿಯಂತಿಲ್ಲ. ದಾವೆ ವಜಾ ಆಯಿತು. ಮೈಸೂರು ಉಚ್ಚ ನ್ಯಾಯಾಲಯವೂ ಅದನ್ನೇ ಎತ್ತಿಹಿಡಿಯಿತು. ಪಾರ್ಲೆಯವರು ಸರ್ವೋಚ್ಚ ನ್ಯಾಯಾಲಯಕ್ಕೆ ಹೋದರು. 1972ರ ಜನವರಿಯಲ್ಲಿ ತೀರ್ಪು ಹೊರಬಿದ್ದಿತು. ಕೆಳಗಿನ ಎರಡೂ ನ್ಯಾಯಾಲಯಗಳು ಅನುಸರಿಸಿದ ಕ್ರಮವೇ ಸರಿಯಲ್ಲವೆಂದು ಅದು ಹೇಳಿತು. ಗಿರಾಕಿಯು ಎರಡು ಪೊಟ್ಟಣಗಳನ್ನು ಎದುರಿಗಿಟ್ಟುಕೊಂಡು ಹೋಲಿಸುವವನಲ್ಲ. ಇಂದು ಒಂದನ್ನು ಕಾಣುತ್ತಾನೆ. ಕೆಲವು ದಿನಗಳಾದ ಮೇಲೆ ಮತ್ತೊಂದು ಅಂಗಡಿಯಲ್ಲಿ ಇನ್ನೊಂದನ್ನು ಕಂಡು, ಹಿಂದೆ ಕಂಡದ್ದೇ ಇದೆಂದು ತಿಳಿಯುತ್ತಾನೆ. ಪೊಟ್ಟಣಗಳ ಗಾತ್ರ ಹೆಚ್ಚುಕಡಿಮೆ ಒಂದೇ, ಬಣ್ಣದ ಹೊಂದಿಕೆ ಒಂದೇ, ಒಂದು ತೋಳನ್ನು ಮೇಲೆತ್ತಿ ಮತ್ತೊಂದರಲ್ಲಿ ಏನನ್ನೋ ಹಿಡಿದ ಹುಡುಗಿ, ಹಸು, ಮುಂದೆ ಕೋಳಿ, ಹಿಂದೆ ಬೇಲಿಯುಳ್ಳ ಮನೆ, ಮೇಲೆ ದಪ್ಪಕ್ಷರದಲ್ಲಿ ಗ್ಲೂಕೋ ಅಥವಾ ಗ್ಲೂಕೋಸ್. ಇಷ್ಟಿದ್ದರೆ ಸಾಕು. ಸಾಮಾನ್ಯ ಗಿರಾಕಿಗೆ ಷರ್ಲಾಕ್ ಹೋಮ್ಸನ ಅವಲೋಕನ ಶಕ್ತಿಯಿರುವುದಿಲ್ಲವೆಂಬ ಭಾವದ ಒಂದು ಮಾತೂ ತೀರ್ಪಿನಲ್ಲಿ ಬಂದಿದೆ. ನ್ಯಾಯಮೂರ್ತಿಗಳ ಬರಹದಲ್ಲಿ ಇಂಥ ಮುಗುಳ್ನಗೆ ಅಪರೂಪ. ತಡೆಯಾಜ್ಞೆ ಪಾರ್ಲೆಯವರಿಗೆ ದೊರೆಯಿತು.

ಇದು ನೋಂದಾಯಿತ ಮುದ್ರೆಯ ಉಲ್ಲಂಘನೆಯ ವ್ಯಾಜ್ಯ. ಅಪ್ಪಟ ಪಾಸಿಂಗ್ ಆಫ್ ಎಂದರೆ ಕಾನೂನು ಬಲ್ಲವರು ಆಕ್ಷೇಪಿಸಿಯಾರು. ಆದರೆ ಅಳತೆಗೋಲು ಎರಡು ಕಡೆಯೂ ಮಸುಕಾದ ನೆನಪಿನ ಸಾಮಾನ್ಯ ಗಿರಾಕಿಯೇ. ಹುಲ್ಲಿನ ಹೊರೆಯನ್ನೂ ಕುಡುಗೋಲನ್ನೂ ಆ ಹೊದಿಕೆಯಲ್ಲಿ ಬರೆದವರ ಮನಸ್ಸಿನಲ್ಲಿ ಏನಿತ್ತೆಂದು ಹೇಳುವ ಅಧಿಕಾರ ನಮಗಿಲ್ಲ. ಸಾಮಾನ್ಯವಾಗಿ ಹೇಳುವುದಾದರೆ, ಎಷ್ಟು ಬದಲಿಸಿದರೆ ವಕೀಲನಿಗೆ ವಾದಿಸಲು ಸಾಕಾದೀತು, ಎಷ್ಟು ಉಳಿಸಿಕೊಂಡರೆ ಗಿರಾಕಿ ಏಮಾರಿಯಾನು ಎಂಬ ಲೆಕ್ಕಾಚಾರ ಒಂದಿದೆ. ಆ ಲೆಕ್ಕ ಹಾಕುವ ಗಳಿಗೆಯಲ್ಲಿಯೇ ಅತಿಚಾರವು ಆಗಿಹೋಗುತ್ತದೆ. ನ್ಯಾಯಾಲಯವು ಆಮೇಲೆ ಯಾರ ಪರವಾಗಿ ತೀರ್ಪು ಕೊಟ್ಟರೂ ಅದು ಅಳಿಸುವುದಿಲ್ಲ. ಮೋಸಹೋದವಳು ಸಂತೆಗೆ ಬಂದ, ಮಗುವಿಗೆ ಬಿಸ್ಕತ್ತು ಕೊಳ್ಳುವ, ಅಕ್ಷರ ಬಾರದ ತಾಯಿಯಾಗಿದ್ದರಂತೂ ಆ ಲೆಕ್ಕವು ಅವಳ ನಿರಕ್ಷರತೆಯ ಮೇಲೆಯೇ ನಿಂತಿರುತ್ತದೆ.

ಇದಕ್ಕೆ ಹತ್ತು ವರ್ಷ ಮುಂಚೆ, 1962ರಲ್ಲಿ, ಅಮೃತಧಾರಾ ಔಷಧದ ವ್ಯಾಜ್ಯವು ಸರ್ವೋಚ್ಚ ನ್ಯಾಯಾಲಯದಲ್ಲಿ ತೀರ್ಮಾನವಾಗಿತ್ತು. ಇಪ್ಪತ್ತನೆಯ ಶತಮಾನದ ಆರಂಭದಿಂದ ಉತ್ತರ ಭಾರತದಲ್ಲಿ ಪ್ರಸಿದ್ಧವಾಗಿದ್ದ ಅಮೃತಧಾರಾ ತಲೆನೋವು, ಅತಿಸಾರ ಮುಂತಾದವುಗಳಿಗೆ ಮನೆಮದ್ದು. ಕಾನಪುರದ ಒಬ್ಬ ವ್ಯಾಪಾರಿಯು 1923ರಿಂದ ಅದೇ ಬಗೆಯ ಔಷಧವನ್ನು ಲಕ್ಷ್ಮಣಧಾರಾ ಎಂಬ ಹೆಸರಿನಲ್ಲಿ ಮಾರುತ್ತಿದ್ದು, 1950ರಲ್ಲಿ ನೋಂದಣಿಗೆ ಅರ್ಜಿ ಹಾಕಿದನು. ಅಮೃತದ ಧಾರೆ ಬೇರೆ, ಲಕ್ಷ್ಮಣನ ಧಾರೆ ಬೇರೆ. ಇವೆರಡರಲ್ಲಿ ಗೊಂದಲ ಹೇಗೆ ಎಂದು ಅಲಹಾಬಾದಿನ ಉಚ್ಚ ನ್ಯಾಯಾಲಯವು ಪದಚ್ಛೇದ ಮಾಡಿ ತೋರಿಸಿತು. ಔಷಧ ಕೊಳ್ಳುವ ಹಳ್ಳಿಗನು ವ್ಯಾಕರಣ ಬಿಡಿಸುತ್ತ ಕೂರುವುದಿಲ್ಲ, ಹೆಸರುಗಳ ಒಟ್ಟು ಸದ್ದೇ ಅವನ ನೆನಪಿನಲ್ಲಿ ಉಳಿಯುವುದು ಎಂಬುದು ಸರ್ವೋಚ್ಚ ನ್ಯಾಯಾಲಯದ ಉತ್ತರ.

ಆದರೂ ಲಕ್ಷ್ಮಣಧಾರಾ ಉತ್ತರಪ್ರದೇಶದ ಮಟ್ಟಿಗೆ ನೋಂದಣಿ ಪಡೆಯಿತು. ಕಾರಣವೇನೆಂದರೆ, ಇಬ್ಬರ ಜಾಹೀರಾತುಗಳೂ ಅವೇ ಪತ್ರಿಕೆಗಳಲ್ಲಿ ವರ್ಷಗಟ್ಟಲೆ ಬರುತ್ತಿದ್ದರೂ ಅಮೃತಧಾರಾದವರು ತುಟಿ ಬಿಚ್ಚಿರಲಿಲ್ಲ. ಎದುರಿನವನು ಹಣ, ಶ್ರಮಗಳನ್ನು ಸುರಿದು ವ್ಯಾಪಾರವನ್ನು ಬೆಳೆಸುವವರೆಗೆ ಸುಮ್ಮನೆ ನೋಡುತ್ತಿದ್ದು, ಬೆಳೆದ ಮೇಲೆ ಕಡಿಯಹೊರಡುವವನಿಗೆ ನ್ಯಾಯವು ಪೂರ್ಣವಾಗಿ ಒಲಿಯುವುದಿಲ್ಲ. ಇಲ್ಲಿ ನ್ಯಾಯಾಲಯವು ಗಿರಾಕಿಯ ಹಿತಕ್ಕಿಂತ ವ್ಯಾಪಾರಿಗಳಿಬ್ಬರ ನಡುವಿನ ನಡತೆಗೆ ಹೆಚ್ಚು ಬೆಲೆ ಕೊಟ್ಟಿತೆಂದು ನನ್ನ ಅನಿಸಿಕೆ. ಆ ಪ್ರಾಂತ್ಯದ ರೋಗಿಯ ಗೊಂದಲವೇನೂ ಇದರಿಂದ ಕಡಿಮೆಯಾಗಲಿಲ್ಲವಷ್ಟೆ.

ಒಡೆತನವು ಯಾರದು? ಮೊದಲು ಬಳಸಿದವನದೋ, ಮೊದಲು ನೋಂದಾಯಿಸಿದವನದೋ? ವರ್ಲ್‌ಪೂಲ್ ಎಂಬ ಬಟ್ಟೆ ಒಗೆಯುವ ಯಂತ್ರದ ಮುದ್ರೆಯು ಭಾರತದಲ್ಲಿ 1956-57ರಲ್ಲಿಯೇ ನೋಂದಣಿಯಾಗಿ, 1977ರಲ್ಲಿ ನವೀಕರಣವಿಲ್ಲದೆ ಬಿದ್ದುಹೋಗಿತ್ತು. 1986ರಲ್ಲಿ ಇಲ್ಲಿನ ಬೇರೆ ಕೆಲವರು ಅದೇ ಹೆಸರಿಗೆ ಅರ್ಜಿ ಹಾಕಿ ನೋಂದಣಿಯನ್ನೂ ಪಡೆದರು. ಆದರೂ 1996ರಲ್ಲಿ ಸರ್ವೋಚ್ಚ ನ್ಯಾಯಾಲಯವು ಅಮೆರಿಕದ ಮೂಲ ಕಂಪನಿಯ ಪರವಾದ ತಡೆಯಾಜ್ಞೆಯನ್ನೇ ಎತ್ತಿಹಿಡಿಯಿತು. ಸರಕಾರದ ಪುಸ್ತಕದಲ್ಲಿನ ಹೆಸರಿಗಿಂತ ಜನರ ಮನಸ್ಸಿನಲ್ಲಿದ್ದ ಹೆಸರು ಹೆಚ್ಚಿನದಾಯಿತು. ಒಬ್ಬ ತಯಾರಕನ ಪ್ರತಿನಿಧಿಯಾಗಿ ಮಾರುತ್ತಿದ್ದವನು ಯಜಮಾನನಿಗೆ ತಿಳಿಸದೆ ಅವನ ಮುದ್ರೆಯನ್ನು ತನ್ನ ಹೆಸರಿಗೆ ಬರೆಸಿಕೊಂಡರೆ, ತಿಳಿದ ಮೂರು ವರ್ಷದೊಳಗೆ ಅದನ್ನು ರದ್ದುಗೊಳಿಸಲು 1999ರ ಕಾಯಿದೆಯಲ್ಲಿ ಅವಕಾಶವಿದೆ. ಇಟ್ಟ ನಿಧಿಯನ್ನು ನುಂಗುವ ನ್ಯಾಸಾಪಹಾರವನ್ನು ಆಚಾರ್ಯರು ಸತ್ಯಾಣುವ್ರತದ ಅತಿಚಾರಗಳಲ್ಲಿ ಎಣಿಸಿದ್ದಾರೆ. ಮುದ್ರೆಯೂ ನಂಬಿ ಇಟ್ಟ ನಿಧಿಯೇ ಅಲ್ಲವೇ?

ವ್ಯಾಪಾರಿ ಮನೆತನಗಳಿಗೆ ಇದಕ್ಕಿಂತ ಹತ್ತಿರದ ಕಷ್ಟ ಇನ್ನೊಂದಿದೆ. ಅಣ್ಣತಮ್ಮಂದಿರು ಪಾಲಾಗುವಾಗ ಹೊಲವನ್ನು ಅಳೆಯಬಹುದು, ಬೆಳ್ಳಿಯನ್ನು ತೂಗಬಹುದು. ಅಂಗಡಿಯ ಹೆಸರನ್ನು ಹೇಗೆ ಹಂಚುವುದು? ಬಿಕಾನೇರಿನ ಭುಜಿಯಾದಿಂದ ಹೆಸರಾದ ಹಲ್ದಿರಾಮ್ ಮನೆತನದಲ್ಲಿ 1974ರಲ್ಲಿ ಪಾಲುದಾರಿಕೆ ಮುರಿದಾಗ, ಪಶ್ಚಿಮ ಬಂಗಾಳದಲ್ಲಿ ಹೆಸರು ಒಂದು ಕವಲಿಗೆ, ದೇಶದ ಉಳಿದ ಭಾಗದಲ್ಲಿ ಮತ್ತೊಂದು ಕವಲಿಗೆ ಎಂದು ಪತ್ರ ಬರೆಯಲಾಯಿತು. ಕಾಗದದ ಮೇಲೆ ಗೆರೆ ಎಳೆದಂತೆ ಗಿರಾಕಿಯ ನಾಲಗೆಯ ಮೇಲೆ ಎಳೆಯಲಾಗುವುದಿಲ್ಲ. ಬಂಗಾಳದ ಕವಲಿನವರು 1991ರಲ್ಲಿ ದೆಹಲಿಯ ಕರೋಲ್‌ಬಾಗಿನಲ್ಲಿ ಅಂಗಡಿ ತೆರೆದುದೇ ತಡ, ವ್ಯಾಜ್ಯ ಹತ್ತಿಕೊಂಡಿತು. ಅದರ ಒಂದು ಎಳೆಯು 2000ದಲ್ಲಿ ಸರ್ವೋಚ್ಚ ನ್ಯಾಯಾಲಯವನ್ನು ಮುಟ್ಟಿತು. ನೋಂದಣಿಯಾಗದ ಪಾಲುದಾರಿಕೆ ಸಂಸ್ಥೆಯೂ ಪಾಸಿಂಗ್ ಆಫ್ ದಾವೆ ಹೂಡಬಹುದು, ಆ ಹಕ್ಕು ಒಪ್ಪಂದದಿಂದ ಹುಟ್ಟಿದ್ದಲ್ಲ ಎಂದು ಅಲ್ಲಿ ತೀರ್ಮಾನವಾಯಿತು.

ಗುಜರಾತಿನ ಕ್ಯಾಡಿಲಾ ಔಷಧ ಸಮೂಹವು ಎರಡಾದಾಗ ಕ್ಯಾಡಿಲಾ ಎಂಬ ಹೆಸರನ್ನು ಎರಡೂ ಕಡೆಯವರು ಉಳಿಸಿಕೊಂಡರು. ಒಂದು ಕಡೆಯವರು ಮಲೇರಿಯಾಕ್ಕೆ ಫಾಲ್ಸಿಗೋ ಎಂಬ ಔಷಧವನ್ನು ತಂದರು. ಇನ್ನೊಂದು ಕಡೆಯವರು ಅದೇ ರೋಗಕ್ಕೆ ಫಾಲ್ಸಿಟ್ಯಾಬನ್ನು ತಂದರು. ರೋಗ ಒಂದೇ ಆದರೂ ಒಳಗಿನ ರಾಸಾಯನಿಕಗಳು ಬೇರೆ ಬೇರೆ. ವೈದ್ಯರ ಚೀಟಿಯಿಲ್ಲದೆ ಕೊಡದ ಔಷಧದಲ್ಲಿ ಗೊಂದಲವಾಗದೆಂಬ ವಾದವನ್ನು 2001ರಲ್ಲಿ ಸರ್ವೋಚ್ಚ ನ್ಯಾಯಾಲಯವು ಒಪ್ಪಲಿಲ್ಲ. ವೈದ್ಯರ ಕೈಬರಹ, ಔಷಧದಂಗಡಿಯ ನೂಕುನುಗ್ಗಲು, ಇಂಗ್ಲಿಷ್ ಬಾರದ ರೋಗಿ, ಇವನ್ನೆಲ್ಲ ಗಣಿಸಿ, ಬೇರೆ ಸರಕುಗಳಿಗಿಂತ ಔಷಧಗಳಲ್ಲಿ ಹೋಲಿಕೆಯನ್ನು ಕಟ್ಟುನಿಟ್ಟಾಗಿ ನೋಡಬೇಕೆಂದು ಹೇಳಿತು. ಬಿಸ್ಕತ್ತು ಬದಲಾದರೆ ರುಚಿ ಕೆಟ್ಟೀತು. ಔಷಧ ಬದಲಾದರೆ ಪ್ರಾಣವೇ ಹೋದೀತು. ಇಲ್ಲಿ ಪ್ರತಿರೂಪಕ ವ್ಯವಹಾರವು ಅಚೌರ್ಯದ ಗಡಿಯನ್ನು ದಾಟಿ ಅಹಿಂಸೆಯ ಗಡಿಗೆ ಬರುತ್ತದೆ.

ಹೆಸರಿನವನ ಹಕ್ಕಿಗೂ ಒಂದು ಮಿತಿಯುಂಟು. ಬಲವುಳ್ಳ ಕಂಪನಿಗಳು ಎಲ್ಲರ ಮಾತನ್ನೇ ತಮ್ಮದೆಂದು ಬೇಲಿ ಹಾಕಹೊರಟ ಪ್ರಸಂಗಗಳೂ ಇವೆ. ಅದನ್ನು ಪರಸ್ವಾಪಹರಣವೆನ್ನದೆ ಬೇರೆ ಏನೆನ್ನಬೇಕೋ ತಿಳಿಯದು. ಅಗರಬತ್ತಿಗೆ ರಾಮಾಯಣವೆಂಬ ಹೆಸರನ್ನು ತನಗೊಬ್ಬನಿಗೇ ಸೇರಿದ ಮುದ್ರೆಯಾಗಿ ಕೇಳಿದವನ ಮನವಿಯನ್ನು ಸರ್ವೋಚ್ಚ ನ್ಯಾಯಾಲಯವು 2015ರಲ್ಲಿ ತಳ್ಳಿಹಾಕಿತು. ಪವಿತ್ರ ಗ್ರಂಥದ ಹೆಸರಿನ ಮೇಲೆ ಒಬ್ಬ ವ್ಯಾಪಾರಿಗೆ ಏಕಸ್ವಾಮ್ಯ ಸಲ್ಲದು. ಧ್ವನಿಯಲ್ಲಿ, ಬರೆಹದಲ್ಲಿ ವ್ಯತ್ಯಾಸವಾಗುವಂತೆ ಬೇರೆ ಪದ ಸೇರಿಸಿದ್ದರೆ ವಿಚಾರ ಬೇರೆಯಾಗಬಹುದೆಂಬ ಸೂಚನೆಯೂ ಅಲ್ಲಿದೆ. ಅರಿಹಂತ, ಪದ್ಮಾವತಿ, ಬಾಹುಬಲಿ ಎಂಬ ಹೆಸರಿನ ಅಂಗಡಿ, ಮುದ್ರಣಾಲಯ, ಬಟ್ಟೆ ಮಳಿಗೆಗಳು ನಮ್ಮ ಊರುಗಳಲ್ಲಿ ಎಷ್ಟಿಲ್ಲ! ಭಕ್ತಿಯಿಂದ ಇಟ್ಟ ಹೆಸರುಗಳು ಅವು. ಬಸದಿಗಳ ಆಡಳಿತ ಮಂಡಳಿಯವರು ಕ್ಷೇತ್ರದ ಹೆಸರನ್ನೋ ಮೂಲನಾಯಕನ ಚಿತ್ರವನ್ನೋ ಸರಕಿನ ಹೊದಿಕೆಗೆ ಬಳಸಲು ಒಪ್ಪಿಗೆ ಕೊಡುವ ಮುನ್ನ, ಆ ಕಾಗದವು ನಾಳೆ ಕಸದ ಬುಟ್ಟಿಯಲ್ಲಿ ಬೀಳುವುದನ್ನೂ ನೆನೆಯಬೇಕು. ಧಾರ್ಮಿಕ ಭಾವನೆಗೆ ನೋವುಂಟುಮಾಡುವ ಮುದ್ರೆಯನ್ನು ನೋಂದಾಯಿಸಕೂಡದೆಂದು ಕಾಯಿದೆಯೇ ಹೇಳುತ್ತದೆ.

ಕಡೆಯದು ನಮ್ಮ ಮನೆಮನೆಯ ಹಾಲಿನದು. ಕರ್ನಾಟಕ ಹಾಲು ಮಹಾಮಂಡಳದವರು 1985ರಿಂದ ನಂದಿನಿ ಎಂಬ ಹೆಸರನ್ನು ಬಳಸುತ್ತಿದ್ದಾರೆ. ಬೆಂಗಳೂರಿನ ಒಂದು ಹೋಟೆಲಿನವರು 1989ರಿಂದ ನಂದಿನಿ ಡಿಲಕ್ಸ್ ಎಂಬ ಹೆಸರಿನಲ್ಲಿ ಊಟದ ವ್ಯವಹಾರ ನಡೆಸುತ್ತಿದ್ದರು. ಅವರು ನೋಂದಣಿ ಕೇಳಿದಾಗ ಮಹಾಮಂಡಳವು ಅಡ್ಡ ಬಂದಿತು. ನೋಂದಣಾಧಿಕಾರಿಯು ಹೋಟೆಲಿನವರ ಪರ, ಮೇಲ್ಮನವಿ ಮಂಡಳಿಯೂ ಕರ್ನಾಟಕ ಉಚ್ಚ ನ್ಯಾಯಾಲಯವೂ ಮಹಾಮಂಡಳದ ಪರ. ಹೀಗೆ ತಿರುತಿರುಗಿ ವ್ಯಾಜ್ಯವು 2018ರ ಜುಲೈನಲ್ಲಿ ಸರ್ವೋಚ್ಚ ನ್ಯಾಯಾಲಯದಲ್ಲಿ ಮುಗಿಯಿತು. ನಂದಿನಿಯೆಂಬುದು ಪುರಾಣದ ಹಸುವಿನ ಹೆಸರು, ದೇವಿಯ ಹೆಸರು. ಮಹಾಮಂಡಳವು ಹುಟ್ಟಿಸಿದ ಪದವಲ್ಲ. ಒಂದರ ಮುದ್ರೆಯಲ್ಲಿ ಹಸುವಿದೆ, ಇನ್ನೊಂದರಲ್ಲಿ ದೀಪವಿದೆ. ಹಾಲಿನ ಪೊಟ್ಟಣ ಕೊಳ್ಳುವವನು ಹೋಟೆಲಿನ ಊಟವನ್ನು ಅದೆಂದು ತಪ್ಪು ತಿಳಿಯುವ ಸಂಭವವಿಲ್ಲವೆಂದು ನ್ಯಾಯಾಲಯವು ಅಭಿಪ್ರಾಯಪಟ್ಟು, ಹೋಟೆಲಿನವರಿಗೆ ಹೆಸರನ್ನು ಉಳಿಸಿಕೊಟ್ಟಿತು. ಹಾಲು ಮತ್ತು ಹಾಲಿನ ಪದಾರ್ಥಗಳಿಗೆ ಮಾತ್ರ ಆ ನೋಂದಣಿಯು ಅನ್ವಯಿಸುವುದಿಲ್ಲ. ಅವುಗಳ ಮೇಲಿನ ಕೋರಿಕೆಯನ್ನು ಹೋಟೆಲಿನವರು ತಾವಾಗಿಯೇ ಬಿಟ್ಟುಕೊಟ್ಟಿದ್ದರು.